ರ‍್ಯಾಪರ್ ಹೋದ ಮೇಲೆ ಬರುವ ಆಲ್ಬಂ: ಓದುಗರ ಪ್ರಶ್ನೆ, ನಮ್ಮ ಉತ್ತರ

ಅಮೆರಿಕದ ದಕ್ಷಿಣ ರಾಜ್ಯಗಳ ಹಿಪ್ ಹಾಪ್ ಬಗ್ಗೆ ಬಂದ ಪತ್ರಗಳಲ್ಲಿ ಹೆಚ್ಚಿನವು ಟೆಕ್ಸಸ್‌ನ ಪಿಂಪ್ ಸಿ ಅವರನ್ನು ಕುರಿತವು. ಅವರ ಮರಣೋತ್ತರ ಆಲ್ಬಂಗಳಿಂದಲೇ ಶುರು ಮಾಡಿ, ಹ್ಯೂಸ್ಟನ್, ಮೆಂಫಿಸ್, ನ್ಯೂ ಆರ್ಲಿಯನ್ಸ್‌ಗಳ ಪ್ರಶ್ನೆಗಳನ್ನೂ ಇಲ್ಲೇ ತೆಗೆದುಕೊಂಡಿದ್ದೇವೆ.

ಪ್ರಶ್ನೆ: ಪಿಂಪ್ ಸಿ ತೀರಿಕೊಂಡ ಮೇಲೆ ಅವರ ನಾಲ್ಕು ಆಲ್ಬಂ ಬಂದಿವೆ. ಒಬ್ಬರದೇ ದನಿಯಾದರೂ ಒಂದಕ್ಕೊಂದು ಇಷ್ಟು ಬೇರೆ ಎನಿಸುವುದು ಏಕೆ? ಯಾವುದನ್ನು ಮೊದಲು ಕೇಳಬೇಕು?

ಉತ್ತರ: ಮೊದಲು "ಯುಜಿಕೆ 4 ಲೈಫ್" ಕೇಳಿ. ಕಾರಣ ಹೇಳುತ್ತೇವೆ.

ಪೋರ್ಟ್ ಆರ್ಥರ್ ಊರಿನ ಚಾಡ್ ಬಟ್ಲರ್, ಅಂದರೆ ಪಿಂಪ್ ಸಿ, ತೀರಿಕೊಂಡದ್ದು 2007ರ ಡಿಸೆಂಬರ್ 4ರಂದು, ಕ್ಯಾಲಿಫೋರ್ನಿಯಾದ ವೆಸ್ಟ್ ಹಾಲಿವುಡ್‌ನ ಹೋಟೆಲೊಂದರಲ್ಲಿ. ಕೊಡೀನ್ ಮತ್ತು ಪ್ರೊಮೆಥಜೀನ್ ಇರುವ ಕೆಮ್ಮಿನ ಸಿರಪ್, ಅದರ ಜೊತೆಗೆ ನಿದ್ದೆಯಲ್ಲಿ ಉಸಿರು ಕಟ್ಟುವ ತೊಂದರೆ, ಇವೆರಡೂ ಸೇರಿ ಸಾವಾಯಿತು ಎಂಬುದು ಅಲ್ಲಿನ ವೈದ್ಯಾಧಿಕಾರಿಗಳ ತೀರ್ಮಾನ. ಅದೇ ವರ್ಷದ ಆಗಸ್ಟ್‌ನಲ್ಲಿ ಅವರೂ ಬನ್ ಬಿ ಅವರೂ ಸೇರಿದ ಯುಜಿಕೆ ಜೋಡಿಯ ಡಬಲ್ ಆಲ್ಬಂ ಅಮೆರಿಕದ ಆಲ್ಬಂಗಳ ಬಿಲ್‌ಬೋರ್ಡ್ ಪಟ್ಟಿಯಲ್ಲಿ ಒಂದನೇ ಸ್ಥಾನಕ್ಕೆ ಏರಿತ್ತು. ಕೆಲಸ ಭರದಿಂದ ಸಾಗಿದ್ದಾಗ ಹೋದರು. ಹಾಗಾಗಿ ಹಾರ್ಡ್ ಡ್ರೈವ್‌ಗಳಲ್ಲಿ ಹಾಡುಗಳು ಬೇರೆ ಬೇರೆ ಹಂತಗಳಲ್ಲಿ ನಿಂತುಹೋದವು.

ಮರಣೋತ್ತರ ಆಲ್ಬಂ ಕೈಗೆ ಬಂದಾಗ ಕೇಳಬೇಕಾದ ಪ್ರಶ್ನೆ ಒಂದೇ: ಅವರು ಹೋದ ದಿನ ಈ ಹಾಡು ಎಷ್ಟು ಮುಗಿದಿತ್ತು? 2009ರ ಮಾರ್ಚ್ 31ರಂದು ಜೈವ್ ಕಂಪನಿಯಿಂದ ಬಂದ "ಯುಜಿಕೆ 4 ಲೈಫ್" ಈ ಪರೀಕ್ಷೆಯಲ್ಲಿ ಚೆನ್ನಾಗಿ ನಿಲ್ಲುತ್ತದೆ. ಅದರ ಬಹುಪಾಲು ಧ್ವನಿಮುದ್ರಣ ಪಿಂಪ್ ಸಿ ಬದುಕಿದ್ದಾಗಲೇ ಆಗಿತ್ತು. ಉಳಿದದ್ದನ್ನು ಮುಗಿಸಿದ ಬನ್ ಬಿ ಹದಿನೈದು ವರ್ಷಕ್ಕೂ ಹೆಚ್ಚು ಕಾಲ ಅವರ ಪಕ್ಕದಲ್ಲೇ ನಿಂತು ಹಾಡಿದವರು. ಯಾವ ಬೀಟ್‌ಗೆ (ಮಾತಿನ ಹಿಂದಿನ ವಾದ್ಯಸಂಗೀತಕ್ಕೆ) ಯಾವ ಮಾತು ಬರೆದದ್ದು ಎಂಬುದು ಅವರಿಗೆ ಗೊತ್ತಿತ್ತು. ಕೇಳುವಾಗ ಇಬ್ಬರೂ ಒಂದೇ ಕೋಣೆಯಲ್ಲಿದ್ದಂತೆ ಅನಿಸುವುದು ಅದಕ್ಕೇ.

2010ರ ಅಕ್ಟೋಬರ್‌ನಲ್ಲಿ ಹ್ಯೂಸ್ಟನ್‌ನ ರ‍್ಯಾಪ್-ಎ-ಲಾಟ್ ಕಂಪನಿ ಹೊರತಂದ "ದ ನೇಕೆಡ್ ಸೋಲ್ ಆಫ್ ಸ್ವೀಟ್ ಜೋನ್ಸ್" ಹಾಗೂ 2011ರ "ಸ್ಟಿಲ್ ಪಿಂಪಿಂಗ್" ಜೋಡಿಸಿ ಕಟ್ಟಿದ ಆಲ್ಬಂಗಳು. ಉಳಿದಿದ್ದ ದನಿಯ ಸುತ್ತ ಬೇರೆಯವರ ದನಿ ಸೇರಿಸಿದ್ದಾರೆ. 2010ರ ಆಲ್ಬಂನಲ್ಲಿ ರ‍್ಯಾಪರ್ ಡ್ರೇಕ್ ಇದ್ದಾರೆ; ಪಿಂಪ್ ಸಿ ತೀರಿಕೊಂಡಾಗ ಡ್ರೇಕ್ ಇನ್ನೂ ದೊಡ್ಡ ಹೆಸರಾಗಿರಲಿಲ್ಲ ಎಂಬುದೇ ಆ ಹಾಡು ಯಾವಾಗ ಕಟ್ಟಿದ್ದು ಎಂಬುದನ್ನು ಹೇಳುತ್ತದೆ. ನಾಲ್ಕನೆಯದು "ಲಾಂಗ್ ಲಿವ್ ದ ಪಿಂಪ್", ಸರಿಯಾಗಿ ಎಂಟನೇ ಪುಣ್ಯತಿಥಿಯ ದಿನ, 2015ರ ಡಿಸೆಂಬರ್ 4ರಂದು, ಮಾಸ್ ಅಪೀಲ್ ಕಂಪನಿಯಿಂದ ಬಂತು. ನ್ಯಾಸ್, ಜ್ಯೂಸಿ ಜೆ ಮೊದಲಾದ ರ‍್ಯಾಪರ್‌ಗಳು ಅದರಲ್ಲಿದ್ದಾರೆ. ಅದನ್ನು ಪಿಂಪ್ ಸಿ ಅವರ ಆಲ್ಬಂ ಎನ್ನುವುದಕ್ಕಿಂತ ಅವರಿಗೆ ಸಲ್ಲಿಸಿದ ಗೌರವ ಎಂದುಕೊಂಡು ಕೇಳಿದರೆ ನಿರಾಸೆಯಾಗುವುದಿಲ್ಲ.

ಜೋಡಿಸುವ ಕೆಲಸ ಅವರ ಸಾವಿನ ನಂತರ ಶುರುವಾದದ್ದಲ್ಲ ಎಂಬುದನ್ನೂ ಗಮನಿಸಿ. 2002ರಿಂದ 2005ರ ಕೊನೆಯವರೆಗೆ ಅವರು ಜೈಲಿನಲ್ಲಿದ್ದರು. ಅವರ ಹೆಸರಿನ ಮೊದಲ ಸೋಲೋ ಆಲ್ಬಂ 2005ರಲ್ಲಿ, ಅವರು ಒಳಗಿದ್ದಾಗಲೇ, ಮೊದಲು ಮುದ್ರಿಸಿಟ್ಟಿದ್ದ ದನಿಯಿಂದ ಬಂತು. ಅದನ್ನೂ, ಹೊರಬಂದ ಮೇಲೆ ಅವರೇ ನಿಂತು ಮಾಡಿದ 2006ರ "ಪಿಂಪಲೇಷನ್" ಅನ್ನೂ ಒಂದರ ಹಿಂದೆ ಒಂದು ಕೇಳಿ. ಯಜಮಾನ ಮನೆಯಲ್ಲಿರುವುದಕ್ಕೂ ಇಲ್ಲದಿರುವುದಕ್ಕೂ ಇರುವ ವ್ಯತ್ಯಾಸ ಅರ್ಧ ಗಂಟೆಯಲ್ಲಿ ಕಿವಿಗೆ ಗೊತ್ತಾಗುತ್ತದೆ. ಪಿಂಪ್ ಸಿ ಬರೀ ರ‍್ಯಾಪರ್ ಅಲ್ಲ. ಬೀಟ್ ಕಟ್ಟುವವರೂ ಅವರೇ, ಹುಕ್, ಅಂದರೆ ಪಲ್ಲವಿ, ಹಾಡುವವರೂ ಅವರೇ. ಆರ್ಗನ್, ವಾ-ವಾ ಗಿಟಾರ್, ಮೈ ತುಂಬಿದ ಬೇಸ್, ಇದಕ್ಕೆ ಅವರಿಟ್ಟ ಹೆಸರು "ಕಂಟ್ರಿ ರ‍್ಯಾಪ್ ಟ್ಯೂನ್ಸ್". ದನಿ ಉಳಿದು ಆ ವಾದ್ಯದ ಕೈ ಇಲ್ಲವಾದಾಗ ಅರ್ಧ ಪಿಂಪ್ ಸಿ ಹೋದಂತೆ.

ಪ್ರಶ್ನೆ: ಒಂದು ಬೀಟ್‌ಗೆ ಹಾಡಿದ ವರ್ಸನ್ನು (ಚರಣವನ್ನು) ಇನ್ನೊಂದು ಬೀಟ್ ಮೇಲೆ ಕೂರಿಸುವುದು ಹೇಗೆ? ಕೆಲವು ಹಾಡುಗಳಲ್ಲಿ ದನಿ ಬೀಟ್ ಮೇಲೆ ತೇಲಿದಂತೆ, ಅಂಟದಂತೆ ಕೇಳುವುದು ಏಕೆ?

ಉತ್ತರ: ಮೊದಲ ಕೆಲಸ ಹುಡುಕುವುದು. ಬೇಕಾದದ್ದು ಎಕೋ, ರಿವರ್ಬ್ ಏನೂ ಸೇರದ ಒಣ ದನಿ, ಅದೂ ಪ್ರತ್ಯೇಕ ಟ್ರ್ಯಾಕ್‌ನಲ್ಲಿ. ಪ್ರೋ ಟೂಲ್ಸ್ ಎಂಬ ಧ್ವನಿಮುದ್ರಣ ಸಾಫ್ಟ್‌ವೇರ್‌ನ ಸೆಷನ್ ಫೈಲ್ ಸಿಕ್ಕಿತು ಎಂದು ಹಿಗ್ಗಬಾರದು; ಆ ಫೈಲಿನಲ್ಲಿ ದನಿ ಇರುವುದಿಲ್ಲ, ದನಿ ಎಲ್ಲಿದೆ ಎಂಬ ವಿಳಾಸ ಮಾತ್ರ ಇರುತ್ತದೆ. ಆಡಿಯೊ ಫೋಲ್ಡರ್ ಬೇರೆ ಡ್ರೈವ್‌ನಲ್ಲಿ ಉಳಿದು ಆ ಡ್ರೈವ್ ಕೆಟ್ಟಿದ್ದರೆ ಕೈಗೆ ಸಿಗುವುದು ಖಾಲಿ ಪಟ್ಟಿ.

ತೊಂಬತ್ತರ ದಶಕದ ಕೆಲಸವಾದರೆ ಎಡ್ಯಾಟ್ ಟೇಪ್ ಇರಬಹುದು. ನೋಡಲು ವಿಡಿಯೊ ಕ್ಯಾಸೆಟ್, ಒಳಗೆ 8 ಟ್ರ್ಯಾಕ್ ಡಿಜಿಟಲ್ ಧ್ವನಿ. ಇಲ್ಲಿ ಪದೇ ಪದೇ ಆಗುವ ತಪ್ಪೊಂದಿದೆ. 48 ಕಿಲೋಹರ್ಟ್ಸ್‌ನಲ್ಲಿ (ಸೆಕೆಂಡಿಗೆ 48,000 ಸಲ ದನಿಯ ಮಾದರಿ ತೆಗೆಯುವ ದರದಲ್ಲಿ) ಮುದ್ರಿಸಿದ್ದನ್ನು 44.1ರ ಸೆಷನ್ನಿಗೆ ಪರಿವರ್ತಿಸದೆ ಹಾಗೇ ಎಳೆದರೆ ದನಿ ಸುಮಾರು ಶೇ 8ರಷ್ಟು ನಿಧಾನವಾಗುತ್ತದೆ, ಸ್ವರ ಒಂದೂವರೆ ಅರ್ಧಸ್ವರದಷ್ಟು (ಹಾರ್ಮೋನಿಯಂನ ಪಕ್ಕಪಕ್ಕದ ಎರಡು ಮನೆಗಳ ಅಂತರ ಒಂದು ಅರ್ಧಸ್ವರ) ಇಳಿಯುತ್ತದೆ. ತಿರುವುಮುರುವಾದರೆ ಹೆಚ್ಚುಕಡಿಮೆ ಶೇ 9 ವೇಗ ಹೆಚ್ಚಿ ದನಿ ಕೀರಲಾಗುತ್ತದೆ. ರ‍್ಯಾಪರ್ ಬದುಕಿದ್ದರೆ "ಇದು ನನ್ನ ದನಿಯಲ್ಲ" ಎಂದು ಆ ಕ್ಷಣವೇ ಹೇಳುತ್ತಿದ್ದರು. ಅವರಿಲ್ಲದಾಗ ಅದೇ ಕಾಲದ, ಬಿಡುಗಡೆಯಾದ ಹಾಡೊಂದನ್ನು ಪಕ್ಕದಲ್ಲಿಟ್ಟು ಹೋಲಿಸಿ ನೋಡಬೇಕು. ಈ ಹೆಜ್ಜೆ ಬಿಟ್ಟರೆ ಮುಂದಿನ ಲೆಕ್ಕವೆಲ್ಲ ತಪ್ಪುತ್ತದೆ.

ಎರಡನೆಯದು ಮೂಲ ವೇಗ ಕಂಡುಹಿಡಿಯುವುದು. ದಕ್ಷಿಣದ ರ‍್ಯಾಪ್‌ನಲ್ಲಿ ವರ್ಸ್ ಎಂದರೆ ಸಾಮಾನ್ಯವಾಗಿ 16 ಬಾರ್ (ತಾಳದ ಆವರ್ತ), ಬಾರ್‌ಗೆ ನಾಲ್ಕರಂತೆ 64 ಬೀಟ್; ಇಲ್ಲಿ ಬೀಟ್ ಎಂದರೆ ತಾಳದ ಒಂದು ಎಣಿಕೆ. ಮೊದಲ ಡೌನ್‌ಬೀಟ್‌ನಿಂದ (ಬಾರಿನ ಮೊದಲ ಎಣಿಕೆಯಿಂದ) ಹದಿನೇಳನೇ ಬಾರಿನ ಡೌನ್‌ಬೀಟ್‌ವರೆಗೆ ಎಷ್ಟು ಸೆಕೆಂಡ್ ಎಂದು ಅಳೆಯಿರಿ. 64ನ್ನು 60ರಿಂದ ಗುಣಿಸಿ ಆ ಸೆಕೆಂಡುಗಳಿಂದ ಭಾಗಿಸಿ. 48 ಸೆಕೆಂಡ್ ಬಂದರೆ ವೇಗ ನಿಮಿಷಕ್ಕೆ 80 ಬೀಟ್. ದಶಮಾಂಶವನ್ನು ಬಿಟ್ಟುಬಿಡಬೇಡಿ. ನಿಜವಾದ ವೇಗ 80.1 ಇದ್ದು ನೀವು 80 ಎಂದು ಹಿಡಿದರೆ ವರ್ಸ್ ಮುಗಿಯುವ ಹೊತ್ತಿಗೆ 60 ಮಿಲಿಸೆಕೆಂಡ್ ವ್ಯತ್ಯಾಸ ಕೂಡಿರುತ್ತದೆ. ಶುರುವಿನಲ್ಲಿ ಸರಿ ಕೂತ ದನಿ ಕೊನೆಯ ನಾಲ್ಕು ಬಾರ್‌ಗಳಲ್ಲಿ ಜಾರುತ್ತದೆ. ನೀವು ಹೇಳಿದ "ತೇಲುವ" ಅನುಭವಕ್ಕೆ ಇದೇ ಮೊದಲ ಕಾರಣ.

ಮೂರನೆಯದಾಗಿ ಹೊಸ ಬೀಟನ್ನು ದನಿಯ ವೇಗಕ್ಕೆ ತನ್ನಿ. ದನಿಯನ್ನು ಬೀಟ್‌ನ ವೇಗಕ್ಕೆ ಎಳೆಯಬೇಡಿ. 80ರಲ್ಲಿ ಹಾಡಿದ 48 ಸೆಕೆಂಡಿನ ವರ್ಸನ್ನು 76ಕ್ಕೆ ತಂದರೆ ಅದು 50.5 ಸೆಕೆಂಡ್ ಆಗುತ್ತದೆ. ಕಾಗದದ ಮೇಲೆ ಇದು ಬರೀ ಶೇ 5. ಆದರೆ ಸ್ವರ ಬದಲಾಗದಂತೆ ಹಿಗ್ಗಿಸುವ ಸಾಫ್ಟ್‌ವೇರ್ ದನಿಯನ್ನು ಚೂರು ಚೂರು ಮಾಡಿ ನಡುವೆ ತುಂಬುತ್ತದೆ. ಸ್ವರಾಕ್ಷರಗಳು ಅದನ್ನು ತಾಳಿಕೊಳ್ಳುತ್ತವೆ. ಟ, ಕ, ಪ ಇಂಥ ಒಡೆಯುವ ಅಕ್ಷರಗಳು ಎರಡೆರಡಾಗಿ, ಮಸುಕಾಗಿ ಬೀಳುತ್ತವೆ. ರ‍್ಯಾಪ್ ನಿಂತಿರುವುದೇ ಆ ಅಕ್ಷರಗಳ ಮೇಲೆ. ಶೇ 3ರ ಒಳಗಿದ್ದರೆ ಸಾಮಾನ್ಯ ಕಿವಿಗೆ ಗೊತ್ತಾಗದು, ಅದರ ಮೇಲೆ ಹೋದಷ್ಟೂ ಕಷ್ಟ.

ಇನ್ನು ಕೂರಿಸುವುದು. ಇಲ್ಲಿ ಕೈ ಹಗುರವಿರಬೇಕು. 80ರ ವೇಗದಲ್ಲಿ ಬೀಟ್‌ನ ಕಾಲುಭಾಗ 187 ಮಿಲಿಸೆಕೆಂಡ್ ಇರುತ್ತದೆ. ಪಿಂಪ್ ಸಿ ಥರದವರು ಮಾತನ್ನು ಎಳೆದು, ಸ್ನೇರ್ ಡ್ರಮ್‌ನ ಪೆಟ್ಟು ಬಿದ್ದ ಮೇಲೆ ತುಸು ತಡವಾಗಿ ಇಡುತ್ತಾರೆ. ಆ ತಡವೇ ಅವರ ಗುರುತು. ಪ್ರತಿ ಪದವನ್ನೂ ಪರದೆಯ ಮೇಲಿನ ತಾಳದ ಗ್ರಿಡ್ ಗೆರೆಗೆ ಒತ್ತಿದರೆ ವ್ಯಾಕರಣ ಸರಿ, ಮನುಷ್ಯ ಮಾಯ. ಸಾಲಿನ ಮೊದಲ ಪದವನ್ನು ಮಾತ್ರ ಹಿಡಿದು 10–20 ಮಿಲಿಸೆಕೆಂಡ್ ಆಚೀಚೆ ಸರಿಸಿ ಕೇಳಿ. ಸಾಲಿನ ಒಳಗೆ ಕೈ ಹಾಕಬೇಡಿ. ಉಸಿರನ್ನು ಕತ್ತರಿಸಬೇಡಿ. ಉಸಿರು ತೆಗೆದ ವರ್ಸ್ ಸ್ವಚ್ಛವಾಗಿರುತ್ತದೆ, ಆದರೆ ಎದೆಯಿಂದ ಬಂದಂತೆ ಇರುವುದಿಲ್ಲ.

ಕಡೆಯ ಕಷ್ಟ ಸೋರಿಕೆ. ಹೆಡ್‌ಫೋನ್ ಜೋರಾಗಿಟ್ಟು ಹಾಡಿದ್ದರೆ ಹಳೆಯ ಬೀಟ್‌ನ ಹೈ-ಹ್ಯಾಟ್ (ಡ್ರಮ್ ಸೆಟ್‌ನ ಜೋಡಿ ತಾಳ) ಸದ್ದು ಮೈಕ್‌ಗೆ ಸೋರಿರುತ್ತದೆ. ಪದಗಳ ನಡುವಿನ ಖಾಲಿ ಜಾಗದಲ್ಲಿ ಅದನ್ನು ತೆಗೆಯಬಹುದು. ಪದದ ಅಡಿಯಲ್ಲಿರುವುದು ಹೋಗುವುದಿಲ್ಲ. ಪದ ಬಂದಾಗ "ಟಿಕ್ ಟಿಕ್", ಪದ ನಿಂತಾಗ ನಿಶ್ಶಬ್ದ, ಹೀಗೆ ಬಿಟ್ಟು ಬಿಟ್ಟು ಕೇಳುವುದು ಪೂರ್ತಿ ಸೋರಿಕೆಗಿಂತ ಕಿರಿಕಿರಿ. ಅದಕ್ಕೆ ಅನುಭವಿಗಳು ಹೊಸ ಬೀಟ್‌ನಲ್ಲಿ ಅದೇ ಜಾಗದಲ್ಲಿ ಹೈ-ಹ್ಯಾಟ್ ಇಟ್ಟು ಹಳೆಯದನ್ನು ಮುಚ್ಚುತ್ತಾರೆ. ದನಿಯಲ್ಲಿ 80–100 ಹರ್ಟ್ಸ್‌ನ ಕೆಳಗಿರುವುದನ್ನು ಕತ್ತರಿಸುವುದೂ ಅಗತ್ಯ, ಏಕೆಂದರೆ ಆ ಜಾಗ 808 ಡ್ರಮ್ ಯಂತ್ರದ ಬೇಸ್‌ಗೆ ಬೇಕು. ಹಳೆಯ ಬೇಸ್‌ನ ಗುಂಯ್‌ ಎನ್ನುವ ನೆರಳು ಅಲ್ಲೇ ಉಳಿದುಕೊಂಡಿದ್ದರೆ ಹೊಸ ಬೇಸ್ ಕೆಸರಾಗುತ್ತದೆ.

ಪ್ರಶ್ನೆ: ಒಂದೇ ಆಲ್ಬಂನ ಮೂರು ಹಾಡುಗಳಲ್ಲಿ ಒಂದೇ ರೀತಿಯ ಉದ್ಗಾರ, ಒಂದೇ ನಗು ಕೇಳಿಸಿತು. ನಮ್ಮ ಭ್ರಮೆಯೇ?

ಉತ್ತರ: ಭ್ರಮೆಯಲ್ಲದಿರುವ ಸಾಧ್ಯತೆಯೇ ಹೆಚ್ಚು. ಮುಖ್ಯ ವರ್ಸ್ ಮುದ್ರಿಸಿದ ಮೇಲೆ ರ‍್ಯಾಪರ್ ಮತ್ತೆ ಮೈಕ್ ಮುಂದೆ ನಿಂತು ಸಾಲಿನ ಕೊನೆಯ ಪದಗಳನ್ನು ಇನ್ನೊಮ್ಮೆ ಹೇಳುತ್ತಾರೆ, ನಡುನಡುವೆ ಉದ್ಗಾರ ಹಾಕುತ್ತಾರೆ. ಇದು ಕೊನೆಯ ಹಂತದ ಕೆಲಸ. ಕೆಲಸ ಅರ್ಧಕ್ಕೆ ನಿಂತಾಗ ಮೊದಲು ಇಲ್ಲವಾಗುವುದು ಇದೇ. ಆಗ ಮುಗಿದ ಹಾಡಿನಿಂದ ಕತ್ತರಿಸಿ ಮುಗಿಯದ ಹಾಡಿಗೆ ಅಂಟಿಸುತ್ತಾರೆ. ಎರಡು ಹಾಡುಗಳ ಉದ್ಗಾರವನ್ನು ಬೆನ್ನಿಗೆ ಬೆನ್ನು ಇಟ್ಟು ಕೇಳಿ. ಉಸಿರಿನ ಸದ್ದೂ ಸೇರಿ ಒಂದೇ ಇದ್ದರೆ ಅದು ನಕಲು. ಮನುಷ್ಯ ಎರಡು ಸಲ ಒಂದೇ ರೀತಿ ನಗುವುದಿಲ್ಲ.

ಪ್ರಶ್ನೆ: ಮೂಲ ಬೀಟ್ ಚೆನ್ನಾಗಿಯೇ ಇರುತ್ತದಲ್ಲ, ಅದನ್ನು ಬಿಟ್ಟು ಹೊಸದು ಹಾಕುವುದೇಕೆ?

ಉತ್ತರ: ಹೆಚ್ಚಿನ ಸಲ ಸ್ಯಾಂಪಲ್ ಕಾರಣ. ಹಳೆಯ ಸೋಲ್ ಹಾಡಿನ ತುಣುಕು ಬಳಸಿದ್ದರೆ ಎರಡು ಅನುಮತಿ ಬೇಕು: ಧ್ವನಿಮುದ್ರಣದ ಒಡೆಯರದು ಒಂದು, ರಾಗ-ಸಾಹಿತ್ಯದ ಒಡೆಯರದು ಇನ್ನೊಂದು. 2005ರಲ್ಲಿ ಅಮೆರಿಕದ ಆರನೇ ವಲಯದ ಮೇಲ್ಮನವಿ ನ್ಯಾಯಾಲಯ, ಫಂಕಡೆಲಿಕ್ ಹಾಡಿನ ಎರಡೇ ಸೆಕೆಂಡಿನ ಗಿಟಾರ್ ತುಣುಕಿನ ಮೊಕದ್ದಮೆಯಲ್ಲಿ, ಅನುಮತಿ ಇಲ್ಲದೆ ಮುದ್ರಣದ ಚೂರನ್ನೂ ತೆಗೆಯುವಂತಿಲ್ಲ ಎಂದಿತು. ಮೆಂಫಿಸ್, ನ್ಯಾಶ್‌ವಿಲ್ ಇರುವ ಟೆನೆಸ್ಸೀ ಆ ವಲಯದ್ದೇ. 2016ರಲ್ಲಿ ಕ್ಯಾಲಿಫೋರ್ನಿಯಾ ಕಡೆಯ ಒಂಬತ್ತನೇ ವಲಯ ಇದಕ್ಕೆ ವಿರುದ್ಧವಾಗಿ ಹೇಳಿದೆ. ಆಲ್ಬಂ ಎರಡೂ ಕಡೆ ಮಾರಾಟವಾಗುವುದರಿಂದ ಕಂಪನಿಗಳು ಬಿಗಿಯಾದ ತೀರ್ಪನ್ನೇ ಅನುಸರಿಸುತ್ತವೆ.

ಪಿಂಪ್ ಸಿ ಇದಕ್ಕೆ ಬದುಕಿದ್ದಾಗಲೇ ದಾರಿ ಕಂಡುಕೊಂಡಿದ್ದರು. ಹಳೆಯ ಮುದ್ರಣವನ್ನು ಕತ್ತರಿಸುವ ಬದಲು ವಾದ್ಯಗಾರರನ್ನು ಕರೆಸಿ ನುಡಿಸಿಸಿದರೆ ಮುದ್ರಣದ ಅನುಮತಿಯ ಪ್ರಶ್ನೆಯೇ ಬಾರದು, ರಾಗದ ಅನುಮತಿ ಸಾಕು. ತೊಂಬತ್ತರ ದಶಕದ ಯುಜಿಕೆ ಆಲ್ಬಂನಲ್ಲಿ ನ್ಯೂ ಆರ್ಲಿಯನ್ಸ್‌ನ ದ ಮೀಟರ್ಸ್ ತಂಡದ ಲಿಯೊ ನೊಸೆಂಟೆಲ್ಲಿ ಗಿಟಾರ್ ನುಡಿಸಿದ್ದಾರೆ. ಆ ಗಿಟಾರ್‌ನ ಜೀವ ಯಾವ ಸ್ಯಾಂಪಲ್‌ಗೂ ಇಲ್ಲ ಎಂದೇ ನಮ್ಮ ಅಭಿಪ್ರಾಯ. ಮರಣೋತ್ತರ ಆಲ್ಬಂ ಮಾಡುವವರು ಹೊಸ ಕಂಪ್ಯೂಟರ್ ಬೀಟ್ ಹಾಕುವ ಬದಲು ಇದೇ ದಾರಿ ಹಿಡಿದರೆ ಹಾಡು ಮೂಲಕ್ಕೆ ಹತ್ತಿರ ಉಳಿಯುತ್ತದೆ. ಖರ್ಚು ಹೆಚ್ಚು, ಅದಕ್ಕೇ ಅಪರೂಪ.

ಪ್ರಶ್ನೆ: ಚಾಪ್ಡ್ ಅಂಡ್ ಸ್ಕ್ರೂಡ್ ಆವೃತ್ತಿ ಎಂದರೆ ಬರೀ ನಿಧಾನ ಮಾಡಿದ್ದೇ? ಮನೆಯ ಕಂಪ್ಯೂಟರ್‌ನಲ್ಲಿ ಮಾಡಿಕೊಳ್ಳುವುದು ಹೇಗೆ?

ಉತ್ತರ: ಬರೀ ನಿಧಾನವಲ್ಲ. ಹೆಸರಿನಲ್ಲೇ ಎರಡು ಕೆಲಸವಿದೆ: ಇಳಿಸುವುದು ಮತ್ತು ಕತ್ತರಿಸಿ ಮರುಕಳಿಸುವುದು. ಇದನ್ನು ಹ್ಯೂಸ್ಟನ್‌ನಲ್ಲಿ ಕಟ್ಟಿ ಬೆಳೆಸಿದವರು ಡಿಜೆ ಸ್ಕ್ರೂ. 2000ದ ನವೆಂಬರ್ 16ರಂದು, 29ನೇ ವಯಸ್ಸಿಗೇ ತೀರಿಕೊಂಡರು. ಅವರ ರೆಕಾರ್ಡ್ ಸಂಗ್ರಹ ಈಗ ಹ್ಯೂಸ್ಟನ್ ವಿಶ್ವವಿದ್ಯಾಲಯದ ಗ್ರಂಥಾಲಯದಲ್ಲಿದೆ.

ಅವರ ವಿಧಾನ ಹೀಗಿತ್ತು. ಒಂದೇ ಹಾಡಿನ ಎರಡು ರೆಕಾರ್ಡ್, ಎರಡು ಟರ್ನ್‌ಟೇಬಲ್. ಎರಡನೆಯದು ಮೊದಲನೆಯದಕ್ಕಿಂತ ಒಂದು ಬೀಟ್ ಹಿಂದೆ ಓಡುತ್ತಿರುತ್ತದೆ. ಕ್ರಾಸ್‌ಫೇಡರನ್ನು (ಒಂದು ರೆಕಾರ್ಡಿನಿಂದ ಇನ್ನೊಂದಕ್ಕೆ ದನಿ ಬದಲಿಸುವ ಜಾರುಗುಂಡಿಯನ್ನು) ಥಟ್ಟನೆ ಆ ಕಡೆ ತಳ್ಳಿದರೆ ಆಗಷ್ಟೇ ಕೇಳಿದ ಪದ ಮತ್ತೆ ಕೇಳುತ್ತದೆ, ಇದು ಚಾಪ್. ಟರ್ನ್‌ಟೇಬಲ್‌ನ ಪಿಚ್ ಗುಂಡಿ ಸಾಮಾನ್ಯವಾಗಿ ಶೇ 8ರವರೆಗೆ ಮಾತ್ರ ಇಳಿಯುತ್ತದೆ, ಅಂದರೆ ಒಂದೂವರೆ ಅರ್ಧಸ್ವರಕ್ಕೂ ಸ್ವಲ್ಪ ಕಡಿಮೆ. ಸ್ಕ್ರೂ ಟೇಪ್ ಎಂದು ಹೆಸರಾದ ಅವರ ಕ್ಯಾಸೆಟ್‌ಗಳ ಆಳಕ್ಕೆ ಅದು ಸಾಲದು. ಉಳಿದ ಇಳಿತ ಆಗುವುದು ಮಿಶ್ರಣವನ್ನು ಕ್ಯಾಸೆಟ್‌ಗೆ ಇಳಿಸುವಾಗ, ಟೇಪ್‌ನ ವೇಗ ತಗ್ಗಿಸಿ.

ಕಂಪ್ಯೂಟರ್‌ನಲ್ಲಿ ಮಾಡುವಾಗ ಲೆಕ್ಕ ಸುಲಭವಾಗಲು 80ರ ವೇಗದ ಹಾಡು ತೆಗೆದುಕೊಳ್ಳಿ. ವೇಗವನ್ನು ಶೇ 25 ಇಳಿಸಿ. 80 ಇದ್ದದ್ದು 60 ಆಗುತ್ತದೆ, ನಾಲ್ಕು ನಿಮಿಷದ ಹಾಡು 5 ನಿಮಿಷ 20 ಸೆಕೆಂಡ್ ಆಗುತ್ತದೆ, ಸ್ವರ ಐದು ಅರ್ಧಸ್ವರದಷ್ಟು ಕೆಳಗಿಳಿಯುತ್ತದೆ. ಸಾಫ್ಟ್‌ವೇರ್‌ನಲ್ಲಿ ವೇಗವೂ ಸ್ವರವೂ ಒಟ್ಟಿಗೆ ಇಳಿಯುವ ಆಯ್ಕೆಯನ್ನೇ ಹಿಡಿಯಬೇಕು. ಸ್ವರ ಉಳಿಸಿ ವೇಗ ಮಾತ್ರ ಇಳಿಸುವ ಆಯ್ಕೆ ಒತ್ತಿದರೆ ಹಾಡು ನಿದ್ದೆಗಣ್ಣಿನಲ್ಲಿ ಮಾತಾಡಿದಂತೆ ಕೇಳುತ್ತದೆ, ಸ್ಕ್ರೂ ಆಗುವುದಿಲ್ಲ.

ಈಗ ಒಂದು ಬೀಟ್ ಎಂದರೆ ಸರಿಯಾಗಿ ಒಂದು ಸೆಕೆಂಡ್. ಸಾಲು ಮುಗಿಯುವ ಜಾಗದಲ್ಲಿ, ಒಳ್ಳೆಯ ಪದ ಇರುವ ಒಂದು ಸೆಕೆಂಡನ್ನು ನಕಲು ಮಾಡಿ ಅದರ ಹಿಂದೆಯೇ ಬರುವ ಒಂದು ಸೆಕೆಂಡಿನ ಮೇಲೆ ಕೂರಿಸಿ. ನಡುವೆ ತುರುಕಬೇಡಿ; ತುರುಕಿದರೆ ಬಾರ್‌ಗೆ ಐದು ಬೀಟ್ ಆಗಿ ತಾಳ ಮುರಿಯುತ್ತದೆ. ಕತ್ತರಿಸಿದ ಎರಡೂ ತುದಿಗೆ 5–10 ಮಿಲಿಸೆಕೆಂಡ್ ಫೇಡ್ (ದನಿಯ ಮೆಲ್ಲನೆ ಏರಿಳಿತ) ಕೊಡಿ, ಇಲ್ಲದಿದ್ದರೆ "ಟಕ್" ಎಂಬ ಸದ್ದು ಬರುತ್ತದೆ. ಎಂಟು ಬಾರ್‌ಗೆ ಒಂದೋ ಎರಡೋ ಚಾಪ್ ಸಾಕು. ಮೊದಲ ಸಲ ಮಾಡುವವರು ಪ್ರತಿ ಸಾಲಿಗೂ ಹಾಕಿ ಕಥೆಯನ್ನೇ ಕೆಡಿಸುತ್ತಾರೆ.

ಬೇಸ್ ಮಾಯವಾಯಿತು ಎಂದು ಹಲವರು ಕೊರಗುತ್ತಾರೆ. 45 ಹರ್ಟ್ಸ್ ಇದ್ದ 808 ಸ್ವರ ಶೇ 25 ಇಳಿದಾಗ 34ರ ಹತ್ತಿರ ಬರುತ್ತದೆ. ಸಣ್ಣ ಸ್ಪೀಕರ್ ಅದನ್ನು ನುಡಿಸಲಾರದು. ಬೇಸ್ ಹೆಚ್ಚಿಸಿದರೆ ಸ್ಪೀಕರ್ ಒಡೆದ ಸದ್ದು ಮಾಡುತ್ತದೆ ಅಷ್ಟೆ. ಬದಲಿಗೆ 70–100 ಹರ್ಟ್ಸ್ ಭಾಗವನ್ನು 2–3 ಡೆಸಿಬೆಲ್ ಎತ್ತಿ. ಮೇಲಿನ ಅನುರಣನ ಕೇಳಿದರೆ ಕಿವಿ ಕೆಳಗಿನ ಸ್ವರವನ್ನು ತಾನೇ ತುಂಬಿಕೊಳ್ಳುತ್ತದೆ.

ಪ್ರಶ್ನೆ: ಫ್ಯಾಟ್ ಪ್ಯಾಟ್ ಅವರ ದನಿ ಸ್ಕ್ರೂ ಟೇಪ್‌ಗಳಲ್ಲಿ ಅಷ್ಟೊಂದು ಇದೆ. ಅದರಿಂದ ಹೊಸ ಆಲ್ಬಂ ಮಾಡಬಾರದೇ?

ಉತ್ತರ: ರ‍್ಯಾಪರ್ ಫ್ಯಾಟ್ ಪ್ಯಾಟ್ 1998ರ ಫೆಬ್ರವರಿ 3ರಂದು ಹ್ಯೂಸ್ಟನ್‌ನಲ್ಲಿ ಗುಂಡಿಗೆ ಬಲಿಯಾದರು. ಅವರ "ಘೆಟೊ ಡ್ರೀಮ್ಸ್" ಬಂದದ್ದು ಮರುತಿಂಗಳು ಮಾರ್ಚ್‌ನಲ್ಲಿ. ಅಷ್ಟು ಬೇಗ ಬರಬೇಕಾದರೆ ಆಲ್ಬಂ ಆಗಲೇ ಸಿದ್ಧವಾಗಿರಬೇಕು. ಹಾಗಾಗಿ ಅದು ಮರಣೋತ್ತರ ಎನ್ನುವುದು ತಾರೀಖಿನಿಂದ ಮಾತ್ರ. ಕೇಳಲು ಬದುಕಿದ್ದವರ ಆಲ್ಬಂ. ಎಂಟು ವರ್ಷದ ನಂತರ, 2006ರಲ್ಲಿ, ಅವರ ಅಣ್ಣತಮ್ಮಂದಿರಲ್ಲೊಬ್ಬರಾದ ಬಿಗ್ ಹಾಕ್ ಕೂಡ ಹ್ಯೂಸ್ಟನ್‌ನಲ್ಲೇ ಗುಂಡಿಗೆ ಬಲಿಯಾದರು, ಅವರ ಮರಣೋತ್ತರ ಆಲ್ಬಂ 2007ರಲ್ಲಿ ಬಂತು. ಒಂದೇ ಮನೆಗೆ ಎರಡು ಸಲ ಬಂದ ಈ ದುಃಖವನ್ನು ನೆನೆಯದೆ ಹ್ಯೂಸ್ಟನ್ ರ‍್ಯಾಪ್ ಬಗ್ಗೆ ಬರೆಯುವುದು ಆಗದು.

ಸ್ಕ್ರೂ ಟೇಪ್‌ನ ದನಿಯಿಂದ ಆಲ್ಬಂ ಕಟ್ಟುವುದು ಕಷ್ಟ. ಅಲ್ಲಿ ಮಾತೂ ಬೀಟೂ ಬೆರೆತು ಒಂದೇ ಕ್ಯಾಸೆಟ್‌ಗೆ ಇಳಿದಿವೆ, ಅದೂ ಇಳಿಸಿದ ವೇಗದಲ್ಲಿ. ಶೇ 25 ಇಳಿಸಿದ್ದನ್ನು ಮೂಲಕ್ಕೆ ತರಲು ಶೇ 25 ಏರಿಸಿದರೆ ಸಾಲದು, ಶೇ 33 ಏರಿಸಬೇಕು. ಆಗ ಟೇಪ್‌ನ ಹಿಸ್ ಸದ್ದೂ ಮೇಲೇರಿ ದನಿಯ ಮೇಲೆ ಕೂರುತ್ತದೆ. ಈಗಿನ ಬೇರ್ಪಡಿಸುವ ಸಾಫ್ಟ್‌ವೇರ್‌ಗಳು ದನಿಯನ್ನು ಸುಮಾರಾಗಿ ಎತ್ತಿಕೊಡುತ್ತವೆ, ಆದರೆ ಸ, ಶ ಅಕ್ಷರಗಳು ನೀರಿನಲ್ಲಿ ಅದ್ದಿ ತೆಗೆದಂತೆ ಬರುತ್ತವೆ. ಕೆಳಗಿರುವ ಬೀಟ್ ಬೇರೆಯವರದು ಎಂಬುದು ಇನ್ನೊಂದು ತೊಡಕು. ಆ ಟೇಪ್‌ಗಳನ್ನು ಟೇಪ್‌ಗಳಾಗಿಯೇ ಕೇಳುವುದು ಒಳ್ಳೆಯದು.

ಪ್ರಶ್ನೆ: ತೀರಿಕೊಂಡವರ ಆಲ್ಬಂ ಬಿಡಲು ಯಾರ ಒಪ್ಪಿಗೆ ಬೇಕು? ದುಡ್ಡು ಯಾರಿಗೆ ಹೋಗುತ್ತದೆ?

ಉತ್ತರ: ಮೂರು ಹಕ್ಕುಗಳನ್ನು ಬೇರೆ ಬೇರೆ ಇಟ್ಟು ನೋಡಿ. ಧ್ವನಿಮುದ್ರಣ ಸಾಮಾನ್ಯವಾಗಿ ಒಪ್ಪಂದದ ಪ್ರಕಾರ ಕಂಪನಿಯದು. ಸಾಹಿತ್ಯ ಮತ್ತು ರಾಗದ ಪಾಲು ಬರೆದವರದು, ಅವರ ನಂತರ ವಾರಸುದಾರರದು; ಅಮೆರಿಕದ ಕಾನೂನಿನಲ್ಲಿ ಬರೆದವರು ತೀರಿಕೊಂಡ ಮೇಲೂ 70 ವರ್ಷ ಇರುತ್ತದೆ, ಜೊತೆಯಾಗಿ ಬರೆದದ್ದಾದರೆ ಕೊನೆಯವರು ತೀರಿಕೊಂಡ ಮೇಲೆ 70. ಮೂರನೆಯದು ಹೆಸರು, ಮುಖ, ದನಿಯ ಹಕ್ಕು. ಇದು ರಾಜ್ಯಕ್ಕೊಂದು ಥರ: ಟೆಕ್ಸಸ್‌ನಲ್ಲಿ ಸಾವಿನ ನಂತರ 50 ವರ್ಷ, ಫ್ಲಾರಿಡಾದಲ್ಲಿ 40. ಲೂಯಿಸಿಯಾನಾದಲ್ಲಿ ಇಂಥ ಕಾನೂನು ಬಂದದ್ದೇ 2022ರಲ್ಲಿ; ಅಲ್ಲೂ 50 ವರ್ಷ.

ಬಿಡುಗಡೆಯಾದ ಹಾಡನ್ನು ಇನ್ನೊಬ್ಬರು ಹಾಡಲು ನಿಗದಿತ ದರ ಕಟ್ಟಿದರೆ ಸಾಕು. ಆದರೆ ಒಮ್ಮೆಯೂ ಬಿಡುಗಡೆಯಾಗದ ಹಾಡಿಗೆ ಆ ಸೌಲಭ್ಯವಿಲ್ಲ, ಒಡೆಯರ ಒಪ್ಪಿಗೆ ಬೇಕೇ ಬೇಕು. ಮರಣೋತ್ತರ ಆಲ್ಬಂನ ಹಾಡುಗಳು ಬಹುತೇಕ ಇಂಥವೇ. ದರದ ಅಂದಾಜಿಗೆ: 2006ರಿಂದ 2022ರವರೆಗೆ ಒಂದು ಪ್ರತಿಯ ಒಂದು ಹಾಡಿಗೆ 9.1 ಸೆಂಟ್ ಇತ್ತು, ಐದು ನಿಮಿಷದ ಒಳಗಿದ್ದರೆ. 14 ಹಾಡಿನ ಸಿ.ಡಿ.ಗೆ 1 ಡಾಲರ್ 27 ಸೆಂಟ್. ಅದನ್ನು ಹಾಡಿನ ಎಲ್ಲ ಲೇಖಕರೂ ಹಂಚಿಕೊಳ್ಳಬೇಕು. ಪ್ರತಿ ಹಾಡಿಗೂ ಇಬ್ಬರು ಅತಿಥಿ, ಒಬ್ಬ ಹೊಸ ನಿರ್ಮಾಪಕ ಸೇರಿದರೆ ತೀರಿಕೊಂಡವರ ಮನೆಗೆ ಹೋಗುವ ಪಾಲು ಎಷ್ಟು ಸಣ್ಣದಾಗುತ್ತದೆ ಎಂದು ನೀವೇ ಲೆಕ್ಕ ಹಾಕಿ. ಕಂಪನಿ ಒಪ್ಪಂದದಲ್ಲಿ ಮುಕ್ಕಾಲು ದರದ ಷರತ್ತಿದ್ದರೆ ಇನ್ನೂ ಕಡಿಮೆ.

ಡಿಜಿಟಲ್ ರೇಡಿಯೊದ ಹಣ ಇದಕ್ಕಿಂತ ನೇರ: ಸೌಂಡ್‌ಎಕ್ಸ್‌ಚೇಂಜ್ ಸಂಸ್ಥೆ ಶೇ 50 ಮುದ್ರಣದ ಒಡೆಯರಿಗೆ, ಶೇ 45 ಮುಖ್ಯ ಕಲಾವಿದರಿಗೆ, ಶೇ 5 ಪಕ್ಕವಾದ್ಯ, ಪಕ್ಕಗಾಯನದವರಿಗೆ ಹಂಚುತ್ತದೆ. ಕಲಾವಿದರ ಪಾಲು ಕಂಪನಿಯ ಸಾಲಕ್ಕೆ ಜಮಾ ಆಗದೆ ಸೀದಾ ವಾರಸುದಾರರಿಗೆ ಬರುತ್ತದೆ. ಹೆಸರು ನೋಂದಾಯಿಸದೆ ಇದನ್ನು ಕಳೆದುಕೊಳ್ಳುವ ಮನೆಗಳಿವೆ, ಅದು ಸಂಕಟದ ವಿಷಯ.

ವಾರಸುದಾರರಿಗೆ ವಕೀಲರು ಮೊದಲೇ ಹೇಳಬೇಕಾದ ಇನ್ನೊಂದು ಮಾತು: ಕಲಾವಿದರು ತಾವೇ ಸಹಿ ಮಾಡಿ ಬಿಟ್ಟುಕೊಟ್ಟ ಹಕ್ಕನ್ನು, ಅದು ಸಂಬಳದ ಕೆಲಸವೆಂದು ಪರಿಗಣಿತವಾಗಿರದಿದ್ದರೆ, 35 ವರ್ಷದ ನಂತರ ಹಿಂದಕ್ಕೆ ಪಡೆಯುವ ಅವಕಾಶ ಕಾನೂನಿನಲ್ಲಿದೆ, ಎರಡರಿಂದ ಹತ್ತು ವರ್ಷ ಮುಂಚೆ ನೋಟಿಸ್ ಕೊಡಬೇಕು. ಅವರ ಸಾವಿನ ನಂತರ ವಾರಸುದಾರರು ಸಹಿ ಮಾಡಿದ ಒಪ್ಪಂದಕ್ಕೆ ಈ ಅವಕಾಶ ಇಲ್ಲ. ದುಃಖದ ದಿನಗಳಲ್ಲಿ ಆತುರದಿಂದ ಹಾಕಿದ ಸಹಿ ಒಪ್ಪಂದದ ಅವಧಿ ಮುಗಿಯುವವರೆಗೂ ಕಟ್ಟಿಹಾಕುತ್ತದೆ. ಅವಧಿ ಎಷ್ಟು ಎಂದು ಮೊದಲು ಓದಿ.

ಪ್ರಶ್ನೆ: ಯಂಗ್ ಡಾಲ್ಫ್ ಅವರ ಮರಣೋತ್ತರ ಆಲ್ಬಂನಲ್ಲಿ ಈ ಗೊಂದಲ ಕಡಿಮೆ ಎನಿಸುತ್ತದೆ. ನಿಜವೇ?

ಉತ್ತರ: ಮೆಂಫಿಸ್‌ನ ಯಂಗ್ ಡಾಲ್ಫ್ 2021ರ ನವೆಂಬರ್ 17ರಂದು ಅದೇ ಊರಿನ ಕುಕಿ ಅಂಗಡಿಯೊಂದರಲ್ಲಿ ಗುಂಡಿಗೆ ಬಲಿಯಾದರು. "ಪೇಪರ್ ರೂಟ್ ಫ್ರ್ಯಾಂಕ್" ಬಂದದ್ದು ಹದಿಮೂರು ತಿಂಗಳ ನಂತರ, 2022ರ ಡಿಸೆಂಬರ್ 16ರಂದು. ಕಂಪನಿ ಅವರದೇ, ಪೇಪರ್ ರೂಟ್ ಎಂಪೈರ್. ಕೀ ಗ್ಲಾಕ್‌ನಂಥ ಅತಿಥಿಗಳು ಅವರೇ ಬೆಳೆಸಿದ ಬಳಗದವರು. ಬೀಟ್ ಮಾಡಿದ ಬ್ಯಾಂಡ್‌ಪ್ಲೇ ಅವರ ಜೊತೆ ಮೊದಲಿಂದ ಕೆಲಸ ಮಾಡಿದವರು. ಅವರ ದನಿ ಎಲ್ಲಿ ಕೂರಬೇಕೆಂದು ಬಲ್ಲ ಕೈಗಳಲ್ಲೇ ಕೆಲಸ ಉಳಿಯಿತು. ಕೇಳಲು ಹಿತವಾಗಿರುವುದಕ್ಕೆ ಅದೇ ಕಾರಣ.

ಪ್ರಶ್ನೆ: ಕೃತಕ ಬುದ್ಧಿಮತ್ತೆಯಿಂದ ತೀರಿಕೊಂಡ ರ‍್ಯಾಪರ್ ದನಿಯಲ್ಲಿ ಹೊಸ ವರ್ಸ್ ಮಾಡಿಸಿದರೆ ತಪ್ಪೇ?

ಉತ್ತರ: ಟೆನೆಸ್ಸೀಯಲ್ಲಿ 2024ರ ಜುಲೈ 1ರಿಂದ ಜಾರಿಯಾದ ಎಲ್ವಿಸ್ ಕಾಯ್ದೆ ದನಿಯನ್ನೂ, ಅದರ ಅನುಕರಣೆಯನ್ನೂ ರಕ್ಷಣೆಗೆ ಸೇರಿಸಿದೆ, ಒಪ್ಪಿಗೆ ಇಲ್ಲದೆ ಮಾಡಿದರೆ ಮೊಕದ್ದಮೆ ಹೂಡಬಹುದು. ಕಾನೂನಿನ ಮಾತು ಬಿಟ್ಟು ಹೇಳುವುದಾದರೆ, ಅವರು ಬರೆಯದ ಸಾಲನ್ನು ಅವರ ಬಾಯಿಗೆ ತುರುಕುವುದನ್ನು ನಾವು ಒಪ್ಪುವುದಿಲ್ಲ. ಹಳೆಯ ಮುದ್ರಣದ ಹಿಸ್ ತೆಗೆಯಲು, ಸೋರಿಕೆ ತಗ್ಗಿಸಲು ಅದೇ ತಂತ್ರ ಬಳಸಿದರೆ ಆಕ್ಷೇಪವಿಲ್ಲ.

ಪ್ರಶ್ನೆ: ಕೊಳ್ಳುವ ಮೊದಲು, ಹಾಡು ಹಳೆಯದೋ ಜೋಡಿಸಿದ್ದೋ ತಿಳಿಯುವುದು ಹೇಗೆ?

ಉತ್ತರ: ಸಿ.ಡಿ.ಯ ಒಳಹಾಳೆಯನ್ನು ಓದಿ. ವೃತ್ತದೊಳಗೆ ಪಿ ಅಕ್ಷರವಿರುವ ಚಿಹ್ನೆಯ ಮುಂದಿನ ಇಸವಿ ಆ ಧ್ವನಿಮುದ್ರಣ ಮೊದಲು ಹೊರಬಂದ ವರ್ಷ. ಆಲ್ಬಂ 2011ರದು, ಒಂದು ಹಾಡಿಗೆ ಮಾತ್ರ 2005 ಎಂದಿದ್ದರೆ ಅದು ಈ ಮೊದಲೇ ಬಂದದ್ದು. "ಹೆಚ್ಚುವರಿ ನಿರ್ಮಾಣ" ಎಂದು ಬೇರೆ ಹೆಸರಿದ್ದರೆ ಬೀಟ್‌ಗೆ ನಂತರ ಕೈ ಹಾಕಿದ್ದಾರೆ. ಒಂದೇ ಹಾಡಿಗೆ ಮೂರು ಊರಿನ ಸ್ಟುಡಿಯೊ, ಮೂವರು ರೆಕಾರ್ಡಿಂಗ್ ಎಂಜಿನಿಯರ್ ಇದ್ದರೆ ಹಾಡಿದವರು ಒಬ್ಬರನ್ನೊಬ್ಬರು ನೋಡದೆ ಹಾಡಿರುವ ಸಾಧ್ಯತೆ ಹೆಚ್ಚು. ಡಿಜಿಟಲ್ ಆವೃತ್ತಿಯಲ್ಲಾದರೆ ಪ್ರತಿ ಧ್ವನಿಮುದ್ರಣಕ್ಕೆ ಕೊಡುವ 12 ಸ್ಥಾನಗಳ ಐಎಸ್‌ಆರ್‌ಸಿ ಗುರುತುಸಂಖ್ಯೆಯ 6 ಮತ್ತು 7ನೇ ಅಂಕಿ ನೋಡಿ. ಆ ಸಂಖ್ಯೆ ಕೊಟ್ಟ ವರ್ಷದ ಕೊನೆಯ ಎರಡು ಅಂಕಿ ಅದು. ಹಾಡಿದ ವರ್ಷ ಅದಲ್ಲ, ಗೊಂದಲ ಮಾಡಿಕೊಳ್ಳಬೇಡಿ.

ಪ್ರಶ್ನೆ: ತೀರಿಕೊಂಡ ಮೇಲೆ ಒಂದನೇ ಸ್ಥಾನಕ್ಕೆ ಬಂದ ದಕ್ಷಿಣದ ರ‍್ಯಾಪರ್ ಇದ್ದಾರೆಯೇ?

ಉತ್ತರ: ಇದ್ದಾರೆ, ನ್ಯೂ ಆರ್ಲಿಯನ್ಸ್‌ನ ಸೋಲ್ಜಾ ಸ್ಲಿಮ್. 2003ರ ನವೆಂಬರ್ 26ರಂದು ಅವರನ್ನು ಗುಂಡಿಕ್ಕಿ ಕೊಂದರು. ರ‍್ಯಾಪರ್ ಜುವಿನೈಲ್ ಅವರ ಆಲ್ಬಂನಲ್ಲಿ ಅವರ ದನಿಯಿದ್ದ "ಸ್ಲೋ ಮೋಷನ್" 2004ರ ಆಗಸ್ಟ್‌ನಲ್ಲಿ ಬಿಲ್‌ಬೋರ್ಡ್ ಹಾಟ್ 100ರ ಮೊದಲ ಸ್ಥಾನ ತಲುಪಿತು. ಅದರಲ್ಲಿ ಅವರ ಭಾಗಕ್ಕೆ ಯಾರೂ ಏನೂ ಅಂಟಿಸಿ ಪೂರ್ತಿ ಮಾಡಬೇಕಾಗಿರಲಿಲ್ಲ. ಹುಕ್ಕನ್ನೂ ವರ್ಸನ್ನೂ ಅವರು ಹಾಡಿ ಮುಗಿಸಿದ್ದರು.